ಹೆಸರು ಇದೆಯಲ್ಲ, ಅದನ್ನೇ ಬರೆಯಿರಿ

ಸಂಪಾದಕರೇ,

ನಿಮ್ಮ ಪತ್ರಿಕೆಯ ಒಳಪುಟಗಳಲ್ಲಿ ಒಂದು ಬಗೆಯ ಫೋಟೊ ಆಗಾಗ ಬರುತ್ತಿರುತ್ತದೆ. ಊರು ಬೇರೆ, ಜನ ಬೇರೆ, ಕೆಳಗಿನ ಸಾಲು ಮಾತ್ರ ಅದೇ. ‘ಸಾಂಪ್ರದಾಯಿಕ ಉಡುಗೆಯಲ್ಲಿ ಹೆಜ್ಜೆ ಹಾಕಿದ ಬುಡಕಟ್ಟು ಮಹಿಳೆಯರು.’ ಯಾವ ಬುಡಕಟ್ಟು ಸ್ವಾಮಿ? ಉದ್ಘಾಟನೆ ಮಾಡಿದ ಶಾಸಕರ ಹೆಸರು ಇರುತ್ತದೆ, ಅವರ ಪಕ್ಕ ನಿಂತವರ ಹೆಸರು ಇರುತ್ತದೆ, ವಂದನಾರ್ಪಣೆ ಮಾಡಿದವರ ಹೆಸರೂ ಇರುತ್ತದೆ. ಕುಣಿದವರು ಸೋಲಿಗರೋ, ಜೇನು ಕುರುಬರೋ, ಸಿದ್ದಿಗಳೋ, ಹಾಲಕ್ಕಿಗಳೋ ಅನ್ನುವುದು ಮಾತ್ರ ಇರುವುದಿಲ್ಲ. ಅವರು ಹಾಡಿದ ಭಾಷೆ ಯಾವುದು ಅಂತ ಹುಡುಕಿದರೆ ‘ಸ್ಥಳೀಯ ಭಾಷೆ’ ಅಂತ ಇರುತ್ತದೆ. ಎಲ್ಲ ಭಾಷೆಯೂ ಎಲ್ಲೋ ಒಂದು ಕಡೆ ಸ್ಥಳೀಯವೇ ಅಲ್ವಾ? ಬೆಂಗಳೂರಿನಲ್ಲಿ ಕನ್ನಡದ ಕಾರ್ಯಕ್ರಮ ಆದರೆ ‘ಸ್ಥಳೀಯ ಭಾಷೆಯಲ್ಲಿ ಹಾಡಿದರು’ ಅಂತ ನೀವು ಯಾವತ್ತಾದರೂ ಬರೆದಿದ್ದೀರಾ?

ನಾನು ಕೇಳುತ್ತಿರುವುದು ದೊಡ್ಡದೇನಲ್ಲ. ಹೆಸರು ಬರೆಯಿರಿ, ಅಷ್ಟೇ. ಜನರಿಗೆ ಒಂದು ಹೆಸರಿದೆ, ಅವರ ಮಾತಿಗೆ ಇನ್ನೊಂದು ಹೆಸರಿದೆ, ಎರಡನ್ನೂ ಅಚ್ಚು ಹಾಕಿ.

ಇದು ಬರೀ ಮರ್ಯಾದೆಯ ಪ್ರಶ್ನೆ ಅಂದುಕೊಳ್ಳಬೇಡಿ. ಬೆಟ್ಟ ಕುರುಬರ ವಿಷಯವನ್ನೇ ನೋಡಿ. ಚಾಮರಾಜನಗರ, ಮೈಸೂರು, ಕೊಡಗಿನ ಕಾಡಂಚಿನ ಜನ ಇವರು. ನಮ್ಮ ರಾಜ್ಯದ ಪರಿಶಿಷ್ಟ ಪಂಗಡಗಳ ಪಟ್ಟಿಯಲ್ಲಿ ‘ಕಾಡು ಕುರುಬ’ ಅಂತ ಇತ್ತು, ‘ಬೆಟ್ಟ ಕುರುಬ’ ಅಂತ ಇರಲಿಲ್ಲ. ಪಟ್ಟಿಯಲ್ಲಿ ಹೆಸರು ಇಲ್ಲ ಅಂದರೆ ಜಾತಿ ಪ್ರಮಾಣಪತ್ರಕ್ಕೆ ತೊಡಕು, ಪ್ರಮಾಣಪತ್ರ ಇಲ್ಲ ಅಂದರೆ ಮಕ್ಕಳ ಹಾಸ್ಟೆಲ್ಲು, ವಿದ್ಯಾರ್ಥಿವೇತನ, ಕೆಲಸ ಎಲ್ಲಕ್ಕೂ ತೊಡಕು. ಕಡೆಗೆ ಕಾಡು ಕುರುಬ ಅನ್ನುವುದರ ಜತೆಗೆ ಬೆಟ್ಟ ಕುರುಬ ಅನ್ನುವುದನ್ನೂ ಸೇರಿಸಲು ಸಂಸತ್ತಿನಲ್ಲಿ ಒಂದು ಮಸೂದೆಯೇ ಬರಬೇಕಾಯಿತು, 2022ರ ಡಿಸೆಂಬರ್‌ನಲ್ಲಿ. ಒಂದು ಹೆಸರಿಗಾಗಿ ಸಂವಿಧಾನದ ಆದೇಶವನ್ನೇ ತಿದ್ದಬೇಕಾಗುತ್ತದೆ ಅಂದರೆ ಹೆಸರು ಎಷ್ಟು ತೂಕದ ವಸ್ತು ಅಂತ ಲೆಕ್ಕ ಹಾಕಿ. ನಮ್ಮ ಪತ್ರಿಕೆಗಳು ಮಾತ್ರ ಬೆಟ್ಟ ಕುರುಬ, ಜೇನು ಕುರುಬ, ಕಾಡು ಕುರುಬ ಎಲ್ಲರನ್ನೂ ಒಂದೇ ಸಾಲಿನಲ್ಲಿ ‘ಕುರುಬರು’ ಅಂತ ಮುಗಿಸಿಬಿಡುತ್ತವೆ. ಬರೀ ಕುರುಬರು ಅಂದರೆ ಓದುವವರಿಗೆ ನೆನಪಾಗುವುದು ಕುರಿ ಸಾಕುವ ಹಾಲುಮತದವರು. ಜೇನು ಕುರುಬರ ಹಾಡಿಯ, ಅಂದರೆ ಕಾಡಂಚಿನ ಕೇರಿಯ, ಸಂಕಟ ಬೇರೆ, ಅವರ ಕಾನೂನಿನ ಸ್ಥಾನ ಬೇರೆ. ಕೊರಗರನ್ನು ಬಿಟ್ಟರೆ ರಾಜ್ಯದಲ್ಲಿ ‘ವಿಶೇಷವಾಗಿ ದುರ್ಬಲ’ ಅಂತ ಸರ್ಕಾರ ಗುರುತಿಸಿದ ಬುಡಕಟ್ಟು ಅವರದ್ದೊಂದೇ.

ಹಾಲಕ್ಕಿ ಒಕ್ಕಲಿಗರದ್ದು ಇದಕ್ಕೆ ಉಲ್ಟಾ ಕಥೆ. ಅಂಕೋಲಾ ಕಡೆಯ ಹಾಡುಗಾರ್ತಿ ಸುಕ್ರಿ ಬೊಮ್ಮಗೌಡರಿಗೆ 2017ರಲ್ಲಿ ಪದ್ಮಶ್ರೀ ಬಂತು. ಗಿಡ ಬೆಳೆಸಿದ ತುಳಸಿ ಗೌಡರಿಗೂ ಬಂತು, ಅವರು ಬರಿಗಾಲಲ್ಲಿ ರಾಷ್ಟ್ರಪತಿ ಭವನದಲ್ಲಿ ನಡೆದ ಫೋಟೊ ದೇಶವೆಲ್ಲ ನೋಡಿತು. ಆಗ ಎಲ್ಲರೂ ಬರೆದದ್ದು ‘ಬುಡಕಟ್ಟು ಮಹಿಳೆ’ ಅಂತ. ಆದರೆ ಹಾಲಕ್ಕಿಗಳು ಪರಿಶಿಷ್ಟ ಪಂಗಡದ ಪಟ್ಟಿಗಾಗಿ ಕೇಳುತ್ತಲೇ ಬಂದವರು, ಅವರಿಗೆ ಅದು ಸಿಕ್ಕಿರಲಿಲ್ಲ. ಅಂದರೆ ಪತ್ರಿಕೆಯಲ್ಲಿ ಬುಡಕಟ್ಟು, ತಾಲ್ಲೂಕು ಕಚೇರಿಯಲ್ಲಿ ಅಲ್ಲ! ‘ಹಾಲಕ್ಕಿ ಸಮುದಾಯದ’ ಅಂತ ಬರೆದು, ಆ ಬೇಡಿಕೆ ಏನಾಗಿದೆ ಅಂತ ಇನ್ನೊಂದು ಸಾಲು ಸೇರಿಸಿದ್ದರೆ ಓದುಗರಿಗೆ ನಿಜವಾದ ಸುದ್ದಿ ಸಿಗುತ್ತಿತ್ತು. ಸುಕ್ರಜ್ಜಿ 2025ರ ಫೆಬ್ರುವರಿಯಲ್ಲಿ ತೀರಿಕೊಂಡರು. ತುಳಸಿ ಗೌಡರು ಅದಕ್ಕೂ ಎರಡು ತಿಂಗಳು ಮುಂಚೆ. ಇಬ್ಬರ ಸಾವಿನ ಸುದ್ದಿಯಲ್ಲೂ ‘ಬುಡಕಟ್ಟು’ ಅನ್ನುವುದು ದಪ್ಪ ಅಕ್ಷರದಲ್ಲಿ, ಹಾಲಕ್ಕಿ ಅನ್ನುವುದು ಹುಡುಕಿದರೆ ಎಲ್ಲೋ ಒಳಗೆ.

ಇನ್ನು ಕೆಲವರ ಹೆಸರು ತೊಂದರೆ ಆದಾಗ ಮಾತ್ರ ಪತ್ರಿಕೆಗೆ ಬರುತ್ತದೆ. 2023ರ ಏಪ್ರಿಲ್‌ನಲ್ಲಿ ಸುಡಾನ್‌ನಲ್ಲಿ ಗುಂಡು ಹಾರತೊಡಗಿದಾಗ ನಮ್ಮ ಹಕ್ಕಿಪಿಕ್ಕಿ ಜನ ಅಲ್ಲಿ ಸಿಕ್ಕಿಹಾಕಿಕೊಂಡಿದ್ದರು. ಗಿಡಮೂಲಿಕೆ ಔಷಧಿ ಮಾರಲು ಹೋದವರು. ಒಂದು ವಾರ ಹಕ್ಕಿಪಿಕ್ಕಿ ಅನ್ನುವ ಹೆಸರು ಮುಖಪುಟದಲ್ಲಿತ್ತು, ಆಮೇಲೆ ಮಾಯ. ಆ ಒಂದು ವಾರದಲ್ಲೂ ಅವರ ಮನೆಮಾತು ವಾಗ್ರಿ ಬೋಲಿ, ಅದು ಗುಜರಾತಿಗೆ ಹತ್ತಿರದ ಮಾತು, ದಕ್ಷಿಣದಲ್ಲಿ ತಲೆಮಾರುಗಳಿಂದ ಉಳಿದುಕೊಂಡು ಬಂದಿದೆ ಅನ್ನುವುದನ್ನು ಎಷ್ಟು ಪತ್ರಿಕೆ ಬರೆದವು? ಹಕ್ಕಿಪಿಕ್ಕಿ ಅನ್ನುವುದು ಕನ್ನಡದವರು ಅವರ ಹಕ್ಕಿ ಹಿಡಿಯುವ ಹಳೆಯ ಕಸುಬು ನೋಡಿ ಕರೆದ ಹೆಸರು. ಈಗ ಅವರೂ ಅದನ್ನೇ ಹೇಳಿಕೊಳ್ಳುತ್ತಾರೆ, ಸರ್ಕಾರದ ಪಟ್ಟಿಯಲ್ಲೂ ಅದೇ ಇದೆ. ಹಾಗಾಗಿ ಬರೆಯುವುದು ತಪ್ಪಲ್ಲ. ಆದರೆ ಭಾಷೆಗೆ ‘ಹಕ್ಕಿಪಿಕ್ಕಿ ಭಾಷೆ’ ಅಂತ ಸುಮ್ನೆ ಅಂಟಿಸುವ ಬದಲು ವಾಗ್ರಿ ಅಂತ ಬರೆಯಬಹುದು.

ಇಲ್ಲೇ ಒಂದು ಮಾತು ಹೇಳಿಬಿಡುತ್ತೇನೆ, ಇಲ್ಲದಿದ್ದರೆ ನನ್ನನ್ನು ಶುದ್ಧಿವಾದಿ ಅಂದುಕೊಳ್ಳುತ್ತೀರಿ. ಹೊರಗಿನವರು ಕೊಟ್ಟ ಹೆಸರೆಲ್ಲ ಕೆಟ್ಟದ್ದು ಅಂತ ನಾನು ಹೇಳುತ್ತಿಲ್ಲ. ಜರ್ಮನಿಯವರು ತಮ್ಮ ದೇಶವನ್ನು ಡಾಯ್ಚ್‌ಲಾಂಡ್ ಅನ್ನುತ್ತಾರೆ, ಹಂಗೆರಿಯವರು ತಮ್ಮನ್ನು ಮಜ್ಯಾರ್ ಅನ್ನುತ್ತಾರೆ, ಜಾರ್ಜಿಯಾದವರು ಸಕಾರ್ತ್ವೆಲೊ ಅನ್ನುತ್ತಾರೆ. ನಾಳೆಯಿಂದ ನೀವು ಹಾಗೆ ಬರೆದರೆ ನನಗೇ ತಲೆ ಕೆಡುತ್ತದೆ. ಜರ್ಮನಿ ಅಂದರೆ ಯಾರಿಗೂ ನೋವಿಲ್ಲ, ಯಾರೂ ಕಳೆದುಹೋಗುವುದಿಲ್ಲ. ಇನ್ನೊಂದು ಕಡೆ ಎಸ್ಕಿಮೊ ಅನ್ನುವುದಿದೆ. ಗ್ರೀನ್‌ಲ್ಯಾಂಡ್ ಸುದ್ದಿ ಬಂದಾಗಲೆಲ್ಲ ಅದು ಕನ್ನಡ ಪತ್ರಿಕೆಗಳಲ್ಲಿ ಎದ್ದು ಕೂರುತ್ತದೆ. ಆ ಹೆಸರು ಬೇಡ, ನಾವು ಇನುಯಿಟ್ ಅಂತ ಅವರೇ ಹೇಳಿ ದಶಕಗಳಾದವು. 1977ರಲ್ಲಿ ಅಲಾಸ್ಕಾದಲ್ಲಿ ಸೇರಿ ಕಟ್ಟಿಕೊಂಡ ಸಂಸ್ಥೆಗೂ ಇನುಯಿಟ್ ಅಂತಲೇ ಹೆಸರಿಟ್ಟರು. ಗ್ರೀನ್‌ಲ್ಯಾಂಡಿನ ಅಧಿಕೃತ ಭಾಷೆ 2009ರಿಂದ ಕಲಾಲ್ಲಿಸುತ್. ಅಲಾಸ್ಕಾದ ಯೂಪಿಕ್ ಜನ ಇನುಯಿಟ್ ಅಲ್ಲ, ಅವರು ಬೇರೆ, ಎಸ್ಕಿಮೊ ಅನ್ನುವ ಒಂದೇ ಚೀಲಕ್ಕೆ ಹಾಕಿದರೆ ಅದೂ ಗೊತ್ತಾಗುವುದಿಲ್ಲ. ಯುರೋಪಿನ ರೋಮಾ ಜನ 1971ರಲ್ಲಿ ಲಂಡನ್ನಿನಲ್ಲಿ ಸೇರಿ ಜಿಪ್ಸಿ ಅನ್ನಬೇಡಿ, ರೋಮಾ ಅನ್ನಿ ಅಂದರು. ನಾರ್ವೆ, ಸ್ವೀಡನ್, ಫಿನ್ಲೆಂಡಿನ ಉತ್ತರದ ಸಾಮಿಗಳನ್ನು ಲ್ಯಾಪ್ ಅಂತ ಕರೆಯುವುದನ್ನು ಅಲ್ಲಿಯವರೇ ಬಿಟ್ಟಿದ್ದಾರೆ, ನಾರ್ವೆಯಲ್ಲಿ 1989ರಿಂದ ಅವರದ್ದೇ ಒಂದು ಸಂಸತ್ತಿದೆ. ಉತ್ತರ ಆಫ್ರಿಕದ ಬರ್ಬರರು ತಮ್ಮನ್ನು ಅಮಾಝಿಗ್ ಅನ್ನುತ್ತಾರೆ, ಅವರ ಭಾಷೆ ಮೊರಾಕ್ಕೊದಲ್ಲಿ 2011ರಲ್ಲಿ, ಆಲ್ಜೀರಿಯಾದಲ್ಲಿ 2016ರಲ್ಲಿ ಅಧಿಕೃತ ಆಯಿತು. ಕನ್ನಡದಲ್ಲಿ ‘ಬರ್ಬರ’ ಅಂದರೆ ಏನರ್ಥ ಬರುತ್ತದೆ ಅಂತ ನಿಮಗೆ ನಾನು ಹೇಳಬೇಕಿಲ್ಲ. ‘ಬರ್ಬರ ಮಹಿಳೆಯರ ಪ್ರತಿಭಟನೆ’ ಅಂತ ಶೀರ್ಷಿಕೆ ಕೊಟ್ಟರೆ ಅವರ ಗತಿ ಏನು!

ಹಾಗಾದರೆ ಗೆರೆ ಎಲ್ಲಿ ಎಳೆಯುವುದು? ನನಗೆ ತೋಚಿದ್ದು ಇಷ್ಟೇ: ಆ ಜನ ಏನು ಹೇಳುತ್ತಾರೆ ಅಂತ ಕೇಳುವುದು. ನಾವು ಕೂತಲ್ಲೇ ಊಹೆ ಮಾಡಿದರೆ ಎಡವುತ್ತೇವೆ. ಅರೆಭಾಷೆಯ ವಿಷಯ ಗೊತ್ತಿಲ್ಲದವರು ಅದನ್ನು ಕೇಳಿದರೆ ಅಯ್ಯೋ, ಅರ್ಧ ಭಾಷೆ ಅಂತ ಅವಮಾನ ಮಾಡಿದ್ದಾರೆ, ಬದಲಾಯಿಸೋಣ ಅನ್ನಬಹುದು. ಸುಳ್ಯ, ಮಡಿಕೇರಿ ಕಡೆ ಹೋಗಿ ಹಾಗೆ ಹೇಳಿ ನೋಡಿ. ಆ ಭಾಷೆಯ ಜನಕ್ಕೆ ಆ ಹೆಸರಿನ ಬಗ್ಗೆ ಹೆಮ್ಮೆ, 2011ರಲ್ಲಿ ಬಂದ ಅಕಾಡೆಮಿಯ ಫಲಕದ ಮೇಲೂ ಅದೇ ಇದೆ. ಅದೇ ಕೊಡಗಿನ ಯರವರನ್ನು ಕೇಳಿದರೆ ರಾವುಲ ಅನ್ನುವ ಇನ್ನೊಂದು ಹೆಸರು ಹೇಳುತ್ತಾರೆ. ಲಂಬಾಣಿಗರಲ್ಲಿ ಕೆಲವರು ಬಂಜಾರ ಅನ್ನುತ್ತಾರೆ, ಮನೆಯೊಳಗೆ ತಮ್ಮನ್ನು ಗೋರ್ ಅಂತಲೂ ಮಾತನ್ನು ಗೋರ್ ಬೋಲಿ ಅಂತಲೂ ಅನ್ನುತ್ತಾರೆ. ಒಂದೇ ಸಮುದಾಯದಲ್ಲಿ ಎರಡು ಅಭಿಪ್ರಾಯ ಇದ್ದರೆ ಎರಡನ್ನೂ ಬರೆಯಿರಿ. ಅದಕ್ಕೆ ಜಾಸ್ತಿ ಜಾಗ ಬೇಡ, ಒಂದು ಅಲ್ಪವಿರಾಮ ಸಾಕು.

‘ಓದುಗರಿಗೆ ಗೊತ್ತಾಗುವುದಿಲ್ಲ, ಹಾಗಾಗಿ ಸುಲಭ ಮಾಡುತ್ತೇವೆ’ ಅನ್ನುವ ಉತ್ತರ ನಿಮ್ಮ ಡೆಸ್ಕ್‌ನಿಂದ ಬರಬಹುದು. ಈ ಮಾತನ್ನು ನಾನು ಒಪ್ಪುವುದಿಲ್ಲ. ಬ್ಲಾಕ್‌ಚೈನ್, ರೆಪೊ ದರ, ಪವರ್‌ಪ್ಲೇ, ಡಕ್‌ವರ್ತ್ ಲೂಯಿಸ್ ನಿಯಮ ಎಲ್ಲ ನಮಗೆ ನೀವೇ ಕಲಿಸಿದ್ದು. ಮೊದಲ ಸಲ ಓದಿದಾಗ ಯಾರಿಗೆ ಅರ್ಥ ಆಗಿತ್ತು? ಹತ್ತು ಸಲ ಬಂದ ಮೇಲೆ ಬಾಯಿಗೆ ಹತ್ತಿತು. ಸೋಲಿಗ, ಕೊರಗ, ವಾಗ್ರಿ ಅನ್ನುವುದು ಡಕ್‌ವರ್ತ್ ಲೂಯಿಸ್‌ಗಿಂತ ಕಷ್ಟವೇ? ಬಿಳಿಗಿರಿರಂಗನ ಬೆಟ್ಟದಲ್ಲಿ ಸಿಕ್ಕ ಹೊಸ ಕಣಜವೊಂದಕ್ಕೆ 2021ರಲ್ಲಿ ಸಂಶೋಧಕರು ಸೋಲಿಗರ ಹೆಸರನ್ನೇ ಇಟ್ಟರು, ಸೋಲಿಗ ಎಕಾರಿನಾಟಾ ಅಂತ. ಪ್ರಪಂಚದ ಕೀಟಶಾಸ್ತ್ರಜ್ಞರೆಲ್ಲ ಆ ಹೆಸರು ಬರೆಯಬೇಕು ಈಗ. ಹುಲಿ ಕಾಡಿನ ನಡುವೆ ತಮ್ಮ ಅರಣ್ಯ ಹಕ್ಕನ್ನು 2011ರಲ್ಲಿ ಪಡೆದ ಜನ ಅವರು, ದೇಶದಲ್ಲೇ ಮೊದಲು. ಅಂಥವರನ್ನು ನಾವು ಅದೇ ರಾಜ್ಯದಲ್ಲಿ ಕೂತು ‘ಕಾಡಿನ ಜನ’ ಅನ್ನುತ್ತೇವೆ.

ಭಾಷೆಗಳ ವಿಷಯದಲ್ಲಿ ನನಗೆ ಜಾಸ್ತಿ ಸಿಟ್ಟು ಬರಿಸುವುದು ‘ಲಿಪಿ ಇಲ್ಲದ ಭಾಷೆ’ ಅನ್ನುವ ಸಾಲು. ಕೊಡವ ತಕ್ಕ್ ಬಗ್ಗೆ ಬರೆದರೆ ಅದು ಬರುತ್ತದೆ, ಬ್ಯಾರಿ ಬಗ್ಗೆ ಬರೆದರೆ ಬರುತ್ತದೆ, ತುಳು ಬಗ್ಗೆ ಬರೆದರಂತೂ ಬಂದೇ ಬರುತ್ತದೆ. ತುಳು-ತಿಗಳಾರಿ ಲಿಪಿ 2024ರ ಸೆಪ್ಟೆಂಬರ್‌ನಲ್ಲಿ ಕಂಪ್ಯೂಟರಿನ ಲಿಪಿಗಳ ಪಟ್ಟಿಯಾದ ಯುನಿಕೋಡ್‌ಗೂ ಸೇರಿತು, ಆದರೂ ಆ ಸಾಲು ಸಾಯುತ್ತಿಲ್ಲ. ಅದೂ ಬಿಡಿ. ಇಂಗ್ಲಿಷಿಗೆ ಸ್ವಂತ ಲಿಪಿ ಎಲ್ಲಿದೆ? ರೋಮನ್ನರದ್ದನ್ನು ತಗೊಂಡದ್ದು. ಮರಾಠಿ, ಹಿಂದಿ, ನೇಪಾಳಿ ಮೂರೂ ದೇವನಾಗರಿಯಲ್ಲೇ. ಕೊಂಕಣಿಯನ್ನು ದೇವನಾಗರಿ, ಕನ್ನಡ, ರೋಮನ್, ಮಲಯಾಳಂ, ಅರಬ್ಬಿ ಹೀಗೆ ಐದು ಲಿಪಿಗಳಲ್ಲಿ ಬರೆಯುತ್ತಾರೆ, ಅದು 1992ರಿಂದ ಸಂವಿಧಾನದ ಎಂಟನೇ ಪರಿಚ್ಛೇದದಲ್ಲಿದೆ. ಲಿಪಿ ಭಾಷೆಯ ಯೋಗ್ಯತೆಯನ್ನು ಅಳೆಯುವ ಕೋಲು ಅಲ್ಲ. ‘ಕನ್ನಡ ಲಿಪಿಯಲ್ಲಿ ಬರೆಯುತ್ತಾರೆ’ ಅಂತ ಬರೆದರೆ ನಮಗೂ ಒಂಚೂರು ಖುಷಿ ಆಗುತ್ತದಲ್ಲ!

ಜತೆಗೆ ‘ಉಪಭಾಷೆ’, ‘ಆಡುಭಾಷೆ’ ಅನ್ನುವ ಎರಡು ಪದಗಳನ್ನು ಕಂಡಕಂಡಲ್ಲಿ ಹಾಕಬೇಡಿ. ಹವಿಗನ್ನಡ, ಕುಂದಾಪ್ರ ಕನ್ನಡ ಇವೆಲ್ಲ ಕನ್ನಡದ್ದೇ ರೂಪಗಳು, ಅವರೂ ಹಾಗೇ ಹೇಳುತ್ತಾರೆ, ಜಗಳ ಇಲ್ಲ. ಆದರೆ ಕೊರಗ ಭಾಷೆ ತುಳುವಿನ ತುಂಡಲ್ಲ, ಕೊಡವ ತಕ್ಕ್ ಕನ್ನಡದ್ದೋ ಮಲಯಾಳದ್ದೋ ಬಾಲ ಅಲ್ಲ. ಸಂಕೇತಿಗಳ ಮಾತು, ನೀಲಗಿರಿಯ ಬಡಗರ ಮಾತು, ಭಟ್ಕಳದ ನವಾಯತರ ಮಾತು ಒಂದೊಂದಕ್ಕೂ ಒಂದೊಂದು ಕಥೆ ಇದೆ. ಪತ್ರಿಕೆ ತೀರ್ಪು ಕೊಡಬೇಕಾಗಿಲ್ಲ. ಹೆಸರು ಬರೆದರೆ ಸಾಕು, ಉಪಭಾಷೆಯೋ ಭಾಷೆಯೋ ಅನ್ನುವುದನ್ನು ಭಾಷಾವಿಜ್ಞಾನಿಗಳು ನೋಡಿಕೊಳ್ಳುತ್ತಾರೆ.

ಸಂಸ್ಕೃತಿಯ ಪದಗಳೂ ಇದೇ ಥರ ನುಣ್ಣಗಾಗಿಬಿಟ್ಟಿವೆ. ತುಳುವರ ಕಥನಗೀತೆ ಪಾಡ್ದನ ಬಂದರೆ ‘ಜಾನಪದ ಗೀತೆ’. ಅವರ ದೈವಾರಾಧನೆಯ ನೇಮ, ಕೋಲ ಎಲ್ಲ ‘ಭೂತ ಕುಣಿತ’. ಟಿವಿಯವರು ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ ಅದಕ್ಕೆ ಭಯ ಹುಟ್ಟಿಸುವ ಹಿನ್ನೆಲೆ ಸಂಗೀತ ಹಾಕುತ್ತಾರೆ. ಕೊಡವರ ಪುತ್ತರಿಯನ್ನು ‘ಕೊಡವರ ಸಂಕ್ರಾಂತಿ’ ಅಂತ ಪರಿಚಯ ಮಾಡಿಕೊಡುವುದು ಯಾಕೆ? ಹೊಸ ಬತ್ತದ ಕದಿರು ತೆಗೆಯುವ ಹಬ್ಬ ಅಂತ ಹೇಳಿದರೆ ಯಾವ ಊರಿನ ರೈತನಿಗೂ ಅರ್ಥ ಆಗುತ್ತದೆ. ಸಿದ್ದಿ ಹೆಂಗಸರು ಹಳೇ ಬಟ್ಟೆ ಚೂರುಗಳನ್ನು ಜೋಡಿಸಿ ಹೊಲಿಯುವ ಕೌದಿಗೆ ಅವರು ಕವಂದಿ ಅನ್ನುತ್ತಾರೆ. ಯಲ್ಲಾಪುರ, ಹಳಿಯಾಳ ಕಡೆ ಅದನ್ನು ನೋಡಬಹುದು. ಕವಂದಿ, ಒಂದು ಬಗೆಯ ಕೌದಿ ಅಂತ ಬರೆದರೆ ಮುಗಿಯಿತು, ‘ಆಫ್ರಿಕಾ ಮೂಲದವರ ಕರಕುಶಲ ವಸ್ತು’ ಅಂತ ಸುತ್ತಿ ಬಳಸಿ ಹೋಗಬೇಕಿಲ್ಲ. ಅಂದಹಾಗೆ ಆ ‘ಆಫ್ರಿಕಾ ಮೂಲದ’ ಅನ್ನುವುದನ್ನು ಸಿದ್ದಿಗಳ ಬಗ್ಗೆ ಪ್ರತಿ ಸುದ್ದಿಯಲ್ಲೂ ಹಾಕಲೇಬೇಕಾ? ಕಬಡ್ಡಿ ಗೆದ್ದರೂ, ರಸ್ತೆ ಕೇಳಿದರೂ? ತಲೆತಲಾಂತರದಿಂದ ಇಲ್ಲೇ ಇರುವವರು ಅವರು, ಕನ್ನಡ, ಕೊಂಕಣಿ ಮಾತಾಡುವವರು.

ಇನ್ನು ಕಾಗುಣಿತ. ಮಣಿಪುರದಲ್ಲಿ 2023ರ ಮೇ ತಿಂಗಳಿಂದ ಗಲಭೆ ಶುರುವಾದಾಗಿನಿಂದ ಒಂದೇ ಸಮುದಾಯವನ್ನು ಮೈತೇಯಿ, ಮೈತಿ, ಮೇಟಿ ಅಂತ ಮೂರು ಬಗೆಯಲ್ಲಿ ಓದಿದ್ದೇನೆ. ಮೇಟಿ ಅನ್ನುವುದು ಬಾಗಲಕೋಟೆ ಕಡೆಯ ಮನೆತನದ ಹೆಸರು, ಅಲ್ಲಿಯ ಓದುಗರು ಬೆಚ್ಚಿಬಿದ್ದಿರಬೇಕು. ಇಂಗ್ಲಿಷ್ ಏಜೆನ್ಸಿ ಕಳಿಸಿದ ಅಕ್ಷರ ನೋಡಿ ಊಹೆ ಮಾಡಿ ಬರೆಯುವುದರಿಂದ ಹೀಗಾಗುತ್ತದೆ. ಒಡಿಶಾ, ಒಡಿಯಾ ಅಂತ 2011ರಲ್ಲೇ ಸಂವಿಧಾನ ತಿದ್ದಿ ಬದಲಾಯಿಸಿದ್ದಾರೆ, ನಮ್ಮಲ್ಲಿ ‘ಒರಿಯಾ’ ಇನ್ನೂ ಓಡಾಡುತ್ತಿದೆ. ‘ಕೂರ್ಗಿ’ ಅನ್ನುವುದು ಕೂಡ ಹಾಗೇ, ನಮ್ಮದೇ ಕೊಡಗಿನ ಜನರನ್ನು ಇಂಗ್ಲಿಷಿನ ಕಿಟಕಿಯಿಂದ ನೋಡಿ ಕರೆಯುವುದು. ಕನ್ನಡ ಲಿಪಿಯಲ್ಲಿ ಇಷ್ಟೊಂದು ಅಕ್ಷರ ಇಟ್ಟುಕೊಂಡು ನಾವು ರೋಮನ್ ಅಕ್ಷರದ ಬಡತನವನ್ನು ಸಾಲ ತಗೊಳ್ಳುವುದು ಯಾವ ಜಾಣತನ?

ಒಂದು ಅಂಜಿಕೆ ಕೆಲವು ಕನ್ನಡಾಭಿಮಾನಿಗಳಲ್ಲಿ ಇದೆ, ಅದನ್ನೂ ಹೇಳುತ್ತೇನೆ. ತುಳು, ಕೊಡವ, ಬ್ಯಾರಿ, ಲಂಬಾಣಿ ಅಂತ ಜೋರಾಗಿ ಹೇಳಿದರೆ ಕನ್ನಡ ಸೊರಗುತ್ತದೆ ಅಂತ. ಬೇಂದ್ರೆ ಮನೆಯಲ್ಲಿ ಮರಾಠಿ, ಮಾಸ್ತಿ ಮನೆಯಲ್ಲಿ ತಮಿಳು, ಗೋವಿಂದ ಪೈ, ಗಿರೀಶ ಕಾರ್ನಾಡರ ಮನೆಯಲ್ಲಿ ಕೊಂಕಣಿ. ಇವರಿಂದ ಕನ್ನಡ ಸೊರಗಿತಾ? ಉತ್ತರದವರು ನಮ್ಮನ್ನೆಲ್ಲ ಒಟ್ಟಿಗೆ ‘ಮದ್ರಾಸಿ’ ಅಂದರೆ ನಮಗೆ ಮೈ ಉರಿಯುತ್ತದೆ. ಯಾರಾದರೂ ‘ಕನ್ನಡ್’ ಅಂದರೆ ಅಲ್ಲೇ ತಿದ್ದುತ್ತೇವೆ, ‘ಕನ್ನಡ್ ಗೊತ್ತಿಲ್ಲ’ ಅಂತ ತಿರುಗಿ ರೇಗಿಸುತ್ತೇವೆ. ಬ್ರಿಟಿಷರ ಕೆನರೀಸ್ ಹೋಗಿ ಕನ್ನಡ ನಿಂತಿತು. ಮೈಸೂರು ರಾಜ್ಯ 1973ರ ನವೆಂಬರ್ 1ರಂದು ಕರ್ನಾಟಕ ಆಯಿತು. 2014ರಲ್ಲಿ ಹನ್ನೆರಡು ಊರುಗಳ ಹೆಸರನ್ನು ಇಂಗ್ಲಿಷಿನಲ್ಲೂ ಬೆಂಗಳೂರು, ಬೆಳಗಾವಿ, ಮಂಗಳೂರು ಅಂತ ಸರಿಮಾಡಿಸಿಕೊಂಡೆವು. ಹೆಸರಿಗಾಗಿ ಇಷ್ಟು ಹಟ ಹಿಡಿದ ನಾವು ನಮ್ಮ ಪಕ್ಕದ ಹಾಡಿಯವರ, ತಾಂಡಾದವರ ಹೆಸರಿಗೆ ಬಂದಾಗ ‘ಏನೋ ಒಂದು ಸ್ಥಳೀಯ ಭಾಷೆ’ ಅಂದರೆ ಅದು ನ್ಯಾಯವಾ?

ಮಾಡಬೇಕಾದ್ದು ಕಷ್ಟದ್ದಲ್ಲ. ವರದಿಗಾರರು ಊರು, ವಯಸ್ಸು ಕೇಳುತ್ತಾರಲ್ಲ, ಅದರ ಜತೆಗೆ ನೀವು ನಿಮ್ಮನ್ನು ಏನಂತ ಕರೆದುಕೊಳ್ಳುತ್ತೀರಿ, ಮನೆಯಲ್ಲಿ ಆಡುವ ಮಾತಿಗೆ ಏನನ್ನುತ್ತೀರಿ ಅಂತ ಇನ್ನೆರಡು ಪ್ರಶ್ನೆ ಕೇಳಲಿ. ಡೆಸ್ಕ್‌ನಲ್ಲಿ ಒಂದು ಪುಟದ ಪಟ್ಟಿ ಅಂಟಿಸಿಕೊಳ್ಳಿ, ಯಾವ ಹೆಸರು, ಯಾವ ಕಾಗುಣಿತ ಅಂತ. ತುಳು, ಕೊಡವ, ಕೊಂಕಣಿ, ಬ್ಯಾರಿ, ಅರೆಭಾಷೆ, ಬಂಜಾರ ಎಲ್ಲಕ್ಕೂ ರಾಜ್ಯದಲ್ಲಿ ಅಕಾಡೆಮಿಗಳಿವೆ, ಒಂದು ಫೋನ್ ಸಾಕು. ಅಕಾಡೆಮಿ ಇಲ್ಲದ ಕೊರಗ, ಸೋಲಿಗ, ವಾಗ್ರಿ ಜನರನ್ನು ನೇರವಾಗಿ ಕೇಳಬೇಕು, ಕೇಳಿದರೆ ಖಂಡಿತ ಹೇಳುತ್ತಾರೆ.

ಇದಕ್ಕೆ ಈಗಲೇ ಅವಸರ ಯಾಕೆ ಅಂದರೆ ಜನಗಣತಿ. ಹೊಸ ಗಣತಿಯ ಆಧಾರ ದಿನ 2027ರ ಮಾರ್ಚ್ 1. 2011ರಲ್ಲಿ ಜನ ಹೇಳಿದ ಮಾತೃಭಾಷೆಗಳ ಹೆಸರು 19,569 ಇದ್ದವು. ಸೋಸಿ ಸೋಸಿ 1,369 ಆದವು. ಕೊನೆಗೆ ಪಟ್ಟಿಯಲ್ಲಿ ಹೆಸರು ಹಿಡಿದು ಕೂತ ಭಾಷೆಗಳು 121. ಹತ್ತು ಸಾವಿರ ಜನಕ್ಕಿಂತ ಕಡಿಮೆ ಇದ್ದವು ‘ಇತರೆ’ ಅನ್ನುವ ಕಾಲಂಗೆ ಹೋದವು. ಲಂಬಾಣಿ 32 ಲಕ್ಷ ಜನ ಹೇಳಿದ ಭಾಷೆ, ಅದನ್ನು ಹಿಂದಿಯ ಲೆಕ್ಕಕ್ಕೆ ಸೇರಿಸಿದರು. ಯರವ ಮಲಯಾಳದ ಕೆಳಗೆ ಹೋಯಿತು, ಬಡಗ ಕನ್ನಡದ ಕೆಳಗೆ. ಹೀಗೆ ಸೇರಿಸುವುದು ಸರಿಯೋ ತಪ್ಪೋ ಅನ್ನುವುದು ಬೇರೆ ವಾದ. ಆದರೆ ಮನೆಬಾಗಿಲಿಗೆ ಬಂದವರು ಮಾತೃಭಾಷೆ ಯಾವುದು ಅಂತ ಕೇಳಿದಾಗ ‘ನಮ್ಮದು ಸುಮ್ನೆ ಮನೆಮಾತು, ಕನ್ನಡ ಅಂತ ಬರ್ಕೊಳ್ಳಿ’ ಅಂತ ಹೇಳಿಬಿಟ್ಟರೆ ಆ ಭಾಷೆ ಎಣಿಕೆಗೇ ಸಿಗುವುದಿಲ್ಲ. ಹಾಗೆ ಹೇಳುವ ಅಭ್ಯಾಸ ಆದದ್ದರಲ್ಲಿ ‘ಸ್ಥಳೀಯ ಭಾಷೆ’ ಅಂತ ವರ್ಷಾನುಗಟ್ಟಲೆ ಬರೆದ ನಮ್ಮ ಪತ್ರಿಕೆಗಳ ಪಾಲೂ ಇದೆ ಅಂತ ನನ್ನ ಅನಿಸಿಕೆ.

ಗಣತಿಗೆ ಮುಂಚೆ ಒಂದು ಭಾನುವಾರದ ಪುರವಣಿಯನ್ನು ಇದಕ್ಕೆ ಬಿಡಿ. ಕರ್ನಾಟಕದಲ್ಲಿ ಆಡುವ ಭಾಷೆಗಳ ಹೆಸರು, ಎಲ್ಲಿ ಆಡುತ್ತಾರೆ, ಆ ಜನ ತಮ್ಮನ್ನು ಏನಂತ ಕರೆದುಕೊಳ್ಳುತ್ತಾರೆ ಅಂತ ಜಿಲ್ಲೆವಾರು ಒಂದು ನಕ್ಷೆ. ಮಾತೃಭಾಷೆಯ ಪ್ರಶ್ನೆಗೆ ಮನೆಯ ಮಾತಿನ ಹೆಸರನ್ನೇ ಹೇಳಬಹುದು, ಅದಕ್ಕೆ ಲಿಪಿ ಬೇಕಿಲ್ಲ, ಪುಸ್ತಕ ಬೇಕಿಲ್ಲ ಅಂತ ಪಕ್ಕದಲ್ಲಿ ದೊಡ್ಡದಾಗಿ ಹಾಕಿ. ಪುಟ ಸಾಲದಿದ್ದರೆ ಆ ವಾರ ರಾಶಿ ಭವಿಷ್ಯ ಬಿಡಿ, ನಡೆಯುತ್ತದೆ.

ಇಂತಿ,
ನಿಮ್ಮ ಹಳೆಯ ಓದುಗ